ಸಾವಿನ ಮನೆಯಲ್ಲಿ ನಾನು ಹಾಡಿದ್ದು

ಟ್ರಿಪ್ಲಿಕೇನ್, ಚೆನ್ನೈ
೧೨ ಆಗಸ್ಟ್ ೨೦೨೪

ಪ್ರೀತಿಯ ಪ್ರಣಮ್ಯಾ,

ತವರಿನಲ್ಲಿ ಹೇಗಿದ್ದೀಯ? ಅತ್ತೆಯ ಮಂಡಿನೋವು ಕಡಿಮೆಯಾಯಿತಾ? ಎಂದೋ ಬರೆಯಬೇಕಿತ್ತು, ಬೇಜಾರು ಮಾಡಿಕೊಳ್ಳಬೇಡ. ಫೋನು ಮಾಡಿದರೆ ನಾವಿಬ್ಬರೂ ‘ಊಟ ಆಯ್ತಾ’ ಎನ್ನುವಲ್ಲಿಗೆ ಮುಗಿಸಿಬಿಡುತ್ತೇವೆ. ನಿನ್ನೆ ಕಂಡದ್ದು ಫೋನಿನಲ್ಲಿ ಹೇಳುವಂಥದ್ದಲ್ಲ, ಅದಕ್ಕೇ ಈ ಕಾಗದ.

ಇಲ್ಲಿ ಎಲ್ಲರೂ ಸೌಖ್ಯ. ಅಪ್ಪಯ್ಯ ನಮ್ಮ ಮೆಸ್ಸಿನಲ್ಲಿ ನೀರುದೋಸೆ ಶುರು ಮಾಡಿದ್ದಾರೆ. ಲಾಡ್ಜಿನ ಹುಡುಗರು ಅದಕ್ಕೂ ಸಾಂಬಾರ್ ಕೇಳುತ್ತಾರೆಂದು ಅವರಿಗೆ ಸಿಟ್ಟು. ಅಮ್ಮನಿಗೆ ನನ್ನ ಮೇಲೆ ಸಿಟ್ಟು. ಪಾರಿವಾಳದ ರೇಸಿನವರ ಸಾಕ್ಷ್ಯಚಿತ್ರ ಮಾಡುವಾಗ ತಾರಸಿಯಲ್ಲಿ ಪಾರಿವಾಳ ಸಾಕಿದ್ದು, ಬಾಕ್ಸಿಂಗಿನವರ ಚಿತ್ರಕ್ಕೆಂದು ನಾನೇ ರಿಂಗಿಗಿಳಿದು ಹಲ್ಲು ಮುರಿಸಿಕೊಂಡದ್ದು, ಎಲ್ಲ ನೀನೇ ನೋಡಿದ್ದೀಯಲ್ಲ. ಈಗ ವ್ಯಾಸರ್ಪಾಡಿಯ ಗಾನಾ ಹಾಡುಗಾರರ ಸರದಿ. ಸಾವಿನ ಮನೆಯಲ್ಲಿ ಕೂತು, ಹೋದವರ ಬದುಕನ್ನೇ ಪದ ಕಟ್ಟಿ ಹಾಡುವವರು. ಅವರ ತಂಡದಲ್ಲಿ ನಾನೀಗ ಡೋಲಕ್ ಬಾರಿಸುತ್ತೇನೆ.

“ಕ್ಯಾಮೆರಾ ಹಿಡ್ಕಂಡ್ ದೂರ ನಿಂತ್ರೆ ಆತಿಲ್ಯಾ ಮಾರಾಯ? ನೀನೂ ಬಾರ್ಸ್ಕಾ?” ಎಂದು ಅಮ್ಮ ಬೈಯುತ್ತಾಳೆ. ಹಿತ್ತಲ ನಲ್ಲಿಯಲ್ಲಿ ಮೀಯದೆ ಒಳಗೆ ಬಿಡುವುದಿಲ್ಲ. ದೂರ ನಿಂತರೆ ನನಗೆ ಏನೂ ಕಾಣುವುದಿಲ್ಲ, ನಿನಗೆ ಗೊತ್ತು.

ತಂಡದ ಯಜಮಾನ ಬಾಬು ಅಣ್ಣ. ಬಣ್ಣ ಹಚ್ಚಿದ ತಲೆ, ಮನೆಯೊಳಗೂ ತೆಗೆಯದ ಕಪ್ಪು ಕನ್ನಡಕ. ತನ್ನಂಥ ಗಂಟಲು ಚೆನ್ನೈಯಲ್ಲೇ ಇಲ್ಲವೆಂದು ತಾನೇ ಹೇಳಿಕೊಳ್ಳುತ್ತಾನೆ. ಇಡ್ಲಿ ಮಾರುತ್ತಿದ್ದ ಲೀಲಮ್ಮ ಎಂಬವರು ತೀರಿಕೊಂಡಿದ್ದರು, ನಿನ್ನೆ ಮಧ್ಯಾಹ್ನ ಅವರ ಮನೆಗೆ ಹೋದೆವು. ಅವರ ಮಗ ಏಳುಮಲೈ, ಆಟೋ ಓಡಿಸುವವನು, ಶಾಮಿಯಾನದಡಿ ಕಲ್ಲಿನಂತೆ ನಿಂತಿದ್ದ. ಬೆಳಗಿನಿಂದ ಒಂದು ಹನಿ ಕಣ್ಣೀರಿಲ್ಲ. ಮನೆಯವರಿಗೆ ಅದೇ ಹೆದರಿಕೆ.

ಬಾಬು ಅಣ್ಣ ಸೊಸೆಯ ಹತ್ತಿರ ಕೂತು, ಮುದುಕಿ ಮಗನನ್ನು ಏನೆಂದು ಬೈಯುತ್ತಿದ್ದಳು ಎಂದು ಕೇಳಿದ. “ಅವರಿಗೂ ಆಟೋಗೂ ಒಟ್ಟಿಗೇ ಬೈಗುಳ,” ಎಂದಳು ಅವಳು. “ಬೈಯುತ್ತಲೇ ಅತ್ತೆ ದಿನಾ ಆಟೋದ ಗಾಜು ಒರೆಸುತ್ತಿದ್ದರು.” ಅಷ್ಟೇ. ಬಾಬು ಅಣ್ಣ ತಲೆ ಮೇಲೆತ್ತಿ ಹಾಡು ಎತ್ತಿಕೊಂಡ ನೋಡು! ತಮಿಳಿನಲ್ಲಿ ಹಾಡಿದ್ದರ ಅರ್ಥ ಇಷ್ಟು: ‘ದಾರಿ ಕಾಣಲೆಂದು ಗಾಜು ಒರೆಸಿಟ್ಟು ಹೋಗಿದ್ದಾಳೆ, ಇನ್ನು ನಿನ್ನ ಕಣ್ಣು ಒರೆಸುವವರು ಯಾರಪ್ಪ ಏಳುಮಲೈ?’

ಏಳುಮಲೈ ನೇರ ಆಟೋದ ಹತ್ತಿರ ನಡೆದು, ಆ ಗಾಜಿಗೆ ಹಣೆಯಿಟ್ಟು ಗೋಳೋ ಎಂದ. ಅವನನ್ನೇ ನೋಡುತ್ತ ನನಗೆ ತಾಳ ತಪ್ಪಿತು. ಅಳುವಿಗೂ ಬಾಗಿಲಿರುತ್ತದೆ ಪ್ರಣಮ್ಯಾ, ಅದನ್ನು ತಟ್ಟಲು ಗೊತ್ತಿದ್ದವರು ಇದ್ದಾರೆ.

ತಾಳ ತಪ್ಪಿದ್ದಕ್ಕೆ ಬೈಯುತ್ತಾನೆ ಅಂದುಕೊಂಡೆ. ಬಾಬು ಅಣ್ಣ ನನ್ನನ್ನೇ ನೋಡಿ, “ನೀ ಪಾಡು ತಂಬಿ, ನೀನು ಹಾಡು. ಊರವರ ಸಾವಿಗೆಲ್ಲ ತಾಳ ಹಾಕುತ್ತೀಯ, ನಿನ್ನವರು ಯಾರೂ ಹೋಗಿಲ್ಲವಾ?” ಎಂದ.

ಪಕ್ಕದಲ್ಲಿ ಸ್ಟ್ಯಾಂಡಿನ ಮೇಲಿಟ್ಟಿದ್ದ ಕ್ಯಾಮೆರಾ ಆಫ್ ಮಾಡಿದೆ. ಬಾಯಿ ತೆರೆದರೆ ಬಂದದ್ದು ಕನ್ನಡ. ಅಲ್ಲಿ ಯಾರಿಗೂ ಒಂದು ಶಬ್ದವೂ ತಿಳಿಯಲಿಲ್ಲ. ಆದರೂ ಏಳುಮಲೈಯ ಹೆಂಡತಿ, ತನ್ನ ಅಳುವನ್ನು ಅಲ್ಲೇ ಬಿಟ್ಟು ಬಂದು ನನ್ನ ಪಕ್ಕ ಕೂತು ಸೆರಗಿನಿಂದ ನನ್ನ ಮುಖ ಒರೆಸಿದಳು. ನನ್ನ ಸಾಲುಗಳ ಕೊನೆಗೆ ಮತ್ತೆ ಮತ್ತೆ ಬರುತ್ತಿದ್ದ ಶಬ್ದ ಒಂದು ಹೆಸರು ಎಂದು ಬಾಬು ಅಣ್ಣನಿಗೆ ಹೇಗೆ ಹೊಳೆಯಿತೋ! ಕನ್ನಡಕ ತೆಗೆದಿಟ್ಟು, ಆ ಹೆಸರನ್ನು ಮೇಲಿನ ಸ್ವರಕ್ಕೆ ಎತ್ತಿದ. ಒಳಗಿದ್ದ ಹೆಂಗಸರು, ಶಾಮಿಯಾನದ ಗಂಡಸರು, ಎಲ್ಲರೂ ಅದನ್ನೇ ಹಿಡಿದು ಹಾಡಿದರು. ಇಷ್ಟು ವರ್ಷ ಏನೇನೋ ಚಿತ್ರೀಕರಿಸಿದ್ದೇನೆ. ಇಂಥದ್ದನ್ನು ಕಂಡಿರಲಿಲ್ಲ.

ಯಾರ ಹೆಸರೆಂದು ಬರೆಯಲು ಕೈ ಏಳುತ್ತಿಲ್ಲ. ಮಾವಯ್ಯನಿಗೂ ಅತ್ತೆಗೂ ನನ್ನ ನಮಸ್ಕಾರ ಹೇಳು. ಹೊತ್ತಿಗೆ ಸರಿಯಾಗಿ ಊಟ ಮಾಡು. ದೇವರು ನಿನ್ನ ಮನಸ್ಸಿಗೆ ತಂಪು ಕೊಡಲಿ.

ನಿನ್ನ,
ಪ್ರವೀಣ್

ಸಹಿ ಹಾಕಿದ ಮೇಲೆ: ಆ ಹೆಸರು ಭಾವನಾ. ಜೂನಿನಲ್ಲಿ ನಮ್ಮ ಮಗು ಅಳದೆಯೇ ಹುಟ್ಟಿದಾಗ, ಉಸಿರಾಡದ ಕೂಸಿಗೆ ನಾಮಕರಣವೂ ಇಲ್ಲ, ಕ್ರಿಯೆಯೂ ಇಲ್ಲ ಎಂದುಬಿಟ್ಟರು ಹಿರಿಯರು. ಹೊಟ್ಟೆಯ ಮೇಲೆ ಕೈಯಿಟ್ಟು ನೀನು ಕರೆಯುತ್ತಿದ್ದ ಹೆಸರನ್ನು ಆಮೇಲೆ ನೀನೂ ಹೇಳಲಿಲ್ಲ, ನಾನೂ ಹೇಳಲಿಲ್ಲ. ನಿನ್ನೆ ಗುರುತು ಪರಿಚಯವಿಲ್ಲದ ಜನರೆಲ್ಲ ಸೇರಿ, ಬೀದಿಯ ಕೊನೆಗೆ ಕೇಳುವ ಹಾಗೆ ನಮ್ಮ ಮಗಳನ್ನು ಹೆಸರು ಹಿಡಿದು ಕರೆದರು.