ವಾಷಿಂಗ್ ಮಷೀನಿನಿಂದ ಇಳಿದ ಜೇನು

ಬೋಹಿನ್, ಜುಲೈ ೧೧, ಶನಿವಾರ

ಜೇನಿಗೆ ಸೋಪಿನ ವಾಸನೆ ಬಂದುಬಿಟ್ಟರೆ? ವಾರದಿಂದ ಇದೇ ಕೊರೆತ. ಕೆಟ್ಟುಹೋದ ವಾಷಿಂಗ್ ಮಷೀನಿನ ಡ್ರಮ್ಮಿಗೆ ಸೈಕಲ್ ಚೈನು ಕಟ್ಟಿ, ಜೇನು ತೆಗೆಯುವ ಯಂತ್ರ ಮಾಡಿಕೊಂಡವಳು ನಾನೇ. ಮೂರು ಸಲ ಸೋಡಾ ಹಾಕಿ ತಿಕ್ಕಿದ್ದೆ.

ಇವತ್ತು ಮೊದಲ ಸಲ ಲಿಂಡನ್ ಮರದ ಹೂವಿನ ಜೇನು ಇಳಿಯಿತು. ತಾವೂ ಜೇನು ಸಾಕುವ ಲುದ್ವಿಕ್ ಮಾವ ಕೈ ತೊಳೆದು ಬಂದವರೇ ಬೆರಳದ್ದಿ ಚೀಪಿದರು.

"ಹೇಳಿರಲಿಲ್ವಾ? ಬಟ್ಟೆ ಒಗೆಯೋ ಡಬ್ಬದಲ್ಲಿ ತೆಗೆದ್ರೆ ಸೋಪೇ ಬರೋದು!"

ಚಮಚದಲ್ಲಿ ತೆಗೆದು ನೆಕ್ಕಿದೆ. ಬರೀ ಹೂವಿನ ಪರಿಮಳ!

"ಮಾವ, ಆ ಬೆರಳು ಮೂಸಿ ನೋಡಿ."

ಮೂಸಿದರು. ಕೈ ತೊಳೆದ ಸೋಪು! ಆಮೇಲೆ ಚಮಚ ಕಿತ್ತುಕೊಂಡು ನಾಲ್ಕು ಸಲ ತಿಂದರು.

ಹೊರಡುವಾಗ ಬಾಗಿಲಲ್ಲಿ ನಿಂತು, "ನಾಳೆ ನನ್ನ ಜೇನೆರಿಗಳನ್ನೂ ತರ್ತೀನಮ್ಮಾ, ಇದ್ರಲ್ಲೇ ತೆಗೆದುಕೊಡು. ಊರಲ್ಲಿ ಯಾರಿಗೂ ಹೇಳ್ಬೇಡ" ಎಂದರು.

ಹೇಳುವುದಿಲ್ಲ. ಇಲ್ಲಿ ಬರೆದಿಟ್ಟೆ, ಅಷ್ಟೆ.