ಇನ್ನೊಂದು ಹೋಳು ಜಾಸ್ತಿ

ಅಕ್ಕಾ, ನಾನು ಸೌಖ್ಯ. ಅಡುಗೆಗೆ ಸೇರಿದ ಮನೆಯಲ್ಲಿರುವುದು ಅಜ್ಜಿ ಒಬ್ಬರೇ. ಸಿಹಿಗುಂಬಳವನ್ನು ಹೋಳು ಮಾಡಿ, ಬೀಜ ಕೆರೆದು, ಕೆನೆ ಬೆರೆಸಿದ ಚೀಸ್ ತುಂಬಿ, ಓವನ್ನಿನಲ್ಲಿ ಬೇಯಿಸಿ ಬಡಿಸುತ್ತೇನೆ. ತೀರಿಹೋದ ತಮ್ಮ ಗಂಡನಿಗೂ ಮಗಳಿಗೂ ಅಜ್ಜಿ ಒಂದೊಂದು ಹೋಳು ಇಡಿಸುತ್ತಾರೆ. ತಟ್ಟೆ ತೆಗೆಯುವಾಗ ನೋಡಿದರೆ ಆ ಹೋಳುಗಳ ಮೇಲೆ ಕೆಂಪಗೆ ಕಟ್ಟಿದ ಪದರ ಒಂದಿಷ್ಟೂ ಒಡೆದಿರುವುದಿಲ್ಲ, ಒಳಗಿನ ಚೀಸ್ ಮಾತ್ರ ಖಾಲಿ. ನಮಗ್ಯಾಕೆ ಬೇಕು ಎಂದು ತಟ್ಟೆ ತೊಳೆದಿಡುತ್ತಿದ್ದೆ.

ಈ ಬೆಳಿಗ್ಗೆ ಅಜ್ಜಿ, “ಇವತ್ತು ಇನ್ನೊಂದು ಹೋಳು ಜಾಸ್ತಿ ಇಡಮ್ಮ. ನಿಮ್ಮಕ್ಕನಿಗೆ ಮೆಣಸು ಆಗಲ್ಲ, ಹಾಕ್ಬೇಡ” ಅಂದರು. ನನಗೊಬ್ಬಳು ಅಕ್ಕ ಇದ್ದಾಳೆಂದು ಇಲ್ಲಿ ಯಾರಿಗೂ ಹೇಳಿಲ್ಲ.

ಹೋಳು ಓವನ್ನಿನಲ್ಲಿದೆ, ಹೆಚ್ಚು ಬರೆಯಲು ಪುರುಸೊತ್ತಿಲ್ಲ. ಕಾರ್ಡು ಸಿಕ್ಕ ಕೂಡಲೇ ಉತ್ತರ ಹಾಕು. ಭಾವನ ಕೈಲಿ ಬರೆಸಬೇಡ, ನೀನೇ ಬರೆ.

ನಿನ್ನ ತಂಗಿ