ಅಪ್ಪನ ‘ರೈಟ್’

ಅಪ್ಪ,

ಮೂಡುಬಿದಿರೆ ಬಸ್ಸಿನಲ್ಲಿ ಕಂಡಕ್ಟರಾಗಿ ಮೂವತ್ತು ವರ್ಷ ಕೂಗಿದ ‘ರೈಟ್’ ನಿಮ್ಮ ಜೊತೆ ಮನೆಗೂ ಬಂದಿತ್ತು. ಅನ್ನ ಸಾಕು ಎನ್ನಲಿಕ್ಕೂ ರೈಟ್, ಅಮ್ಮನ ಜೊತೆ ಜಗಳ ಮುಗಿಸಲಿಕ್ಕೂ ರೈಟ್. ನಾನು ಗಣಿತದಲ್ಲಿ ಫೇಲಾದಾಗ ಅಂಕಪಟ್ಟಿಗೆ ಸಹಿ ಹಾಕಿ, ತಲೆ ಸವರಿ ಹೇಳಿದ್ದೂ ಅದನ್ನೇ. ಮದುವೆಯಾಗಿ ಕನ್ಯಾನಕ್ಕೆ ಬಂದ ಮೇಲೆ ಫೋನಿನಲ್ಲಿ, “ಈ ವಾರ ಬರ್ಲಿಕ್ಕೆ ಆಗುದಿಲ್ಲ ಅಪ್ಪ” ಎಂದಾಗಲೆಲ್ಲ ನೀವು ಸ್ವಲ್ಪ ತಡೆದು “ರೈಟ್” ಎನ್ನುತ್ತಿದ್ದಿರಿ. ಆ ರೈಟಿಗೆ ಏನರ್ಥ ಎಂದು ನಾನು ಕೇಳಲಿಲ್ಲ.

ಇವತ್ತಿನದ್ದು ಹೇಳುತ್ತೇನೆ. ಬೆಳಿಗ್ಗೆ ಸುದ್ದಿ ಬಂದ ಕೂಡಲೇ ಹೊರಟೆ. ಬಿ.ಸಿ.ರೋಡಿನಲ್ಲಿ ಬಸ್ಸು ಬ್ಲಾಕಿನಲ್ಲಿ ಸಿಕ್ಕಿ, ನಮ್ಮ ಸ್ಟಾಪಿನಲ್ಲಿ ಇಳಿಯುವಾಗ ಹನ್ನೆರಡೂವರೆ. ಫೋನಿನ ಚಾರ್ಜ್ ಮುಗಿದಿತ್ತು. ನಾನು ಬರುವುದಿಲ್ಲವೆಂದೇ ಎಲ್ಲರೂ ಎಣಿಸಿದ್ದರಂತೆ. ಗೇಟಿನ ಎದುರು ನಿಮ್ಮನ್ನು ಸ್ಮಶಾನಕ್ಕೆ ಒಯ್ಯುವ ಆಂಬುಲೆನ್ಸ್ ಹೊರಟು ನಿಂತಿತ್ತು. ಮಾರ್ಗದಲ್ಲೇ ಓಡಿದೆ. ನಿಮ್ಮ ಜೊತೆ ಕಂಡಕ್ಟರಾಗಿದ್ದ ಧರ್ಣಪ್ಪಣ್ಣ ಹಿಂದಿನ ಬಾಗಿಲು ಹಾಕಿದರು. ಹಳೇ ಅಭ್ಯಾಸ, ಎರಡು ಸಲ ತಟ್ಟಿ “ರೈಟ್” ಎಂದರು. ಗಾಡಿ ಹೋಯಿತು.

ನನ್ನನ್ನು ಕಂಡು ಅವರು ಗೇಟು ಹಿಡಿದುಕೊಂಡೇ ಕೂತುಬಿಟ್ಟರು. “ನೀನು ಬರುದು ಕಾಣ್ಲಿಲ್ಲ ಮಗಾ. ಬಾಯಿಗೆ ಬಂದು ಹೋಯ್ತು.”

ಹೆಂಗಸರು ಸ್ಮಶಾನಕ್ಕೆ ಹೋಗುವ ಕ್ರಮ ಇಲ್ಲ. ಚಪ್ಪಲಿ ಕೈಯಲ್ಲಿ ಹಿಡಿದು ಅಲ್ಲೇ ನಿಂತೆ.

ದೂರದಲ್ಲಿ ಯಾರಾದರೂ ಓಡಿ ಬರುವುದು ಕಂಡರೆ ನೀವು ರೈಟ್ ಹೇಳುತ್ತಿರಲಿಲ್ಲ. ಡ್ರೈವರ್ ಎಷ್ಟು ಗೊಣಗಿದರೂ, “ಒಂದು ಜನ ಉಂಟು, ನಿಲ್ಲಿ ಮಾರಾಯ್ರೆ” ಎನ್ನುತ್ತಿದ್ದಿರಿ.

ನಾನು ಓಡಿ ಬರುತ್ತಿದ್ದೆ ಅಪ್ಪ.